ಉಮಾನಾಥಣ್ಣನ ಎರಡು ಮಾತು ತಿಂದ ಬೆಳಕು

ಕಟಪಾಡಿಯಿಂದ ಉಚ್ಚಿಲದವರೆಗೆ ಎಲ್ಲಿ ಮೈಕ್ ಕಟ್ಟಿದರೂ ಅದರ ಮುಂದೆ ಮೊದಲು ನಿಲ್ಲುವ ಹಕ್ಕು ನಮ್ಮ ಉಮಾನಾಥಣ್ಣನದು. ಆ ಹಕ್ಕನ್ನು ಅವರಿಗೆ ಕೊಟ್ಟವರು ಯಾರು ಎಂದು ಕೇಳಬೇಡಿ. ಕೊಟ್ಟವರು ಯಾರೂ ಇಲ್ಲ, ತಡೆದವರೂ ಯಾರೂ ಇಲ್ಲ. ನಮ್ಮಲ್ಲಿ ಹೆಚ್ಚಿನ ಹಕ್ಕುಗಳು ಹುಟ್ಟುವುದೇ ಹೀಗೆ. ನನ್ನದು ಕಟಪಾಡಿ ಪೇಟೆಯಲ್ಲಿ ಆಮಂತ್ರಣ ಪತ್ರಿಕೆ ಅಚ್ಚು ಹಾಕುವ ಸಣ್ಣ ಪ್ರೆಸ್ಸು. "ಪ್ರಾಸ್ತಾವಿಕ ನುಡಿ: ಶ್ರೀ ಉಮಾನಾಥ" ಎಂಬ ಸಾಲನ್ನು ಎಷ್ಟು ಸಲ ಹಾಕಿದ್ದೇನೆಂದರೆ, ಈಗ 'ಪ್ರಾ' ಎಂದು ಒತ್ತಿದರೆ ಸಾಕು, ಉಳಿದದ್ದನ್ನು ಕಂಪ್ಯೂಟರೇ ಬರೆದುಕೊಳ್ಳುತ್ತದೆ.

ಮನುಷ್ಯ ನೋಡಲು ಸಾದಾ. ಗಂಜಿ ಹಾಕಿ ಇಸ್ತ್ರಿ ಮಾಡಿದ ಬಿಳಿ ಅಂಗಿ, ಕಿಸೆಯಲ್ಲಿ ಎರಡು ಪೆನ್ನು, ಮೈಕ್ ಕಂಡ ಕೂಡಲೇ ತನ್ನಿಂದ ತಾನೇ ಅರಳುವ ಮುಖ. ವೇದಿಕೆ ಹತ್ತಿ ಒಮ್ಮೆ ಕೆಮ್ಮಿ, "ಸಮಯದ ಅಭಾವ ಇರುವುದರಿಂದ ಎರಡೇ ಎರಡು ಮಾತು" ಎನ್ನುತ್ತಿದ್ದರು. ಮೊದಲನೇ ಮಾತು ಪರಶುರಾಮ ಕೊಡಲಿ ಎಸೆದಲ್ಲಿಂದ ಸುರುವಾಗಿ ಉದ್ಯಾವರದ ಸೇತುವೆಯವರೆಗೆ ಬರುತ್ತಿತ್ತು. ಎರಡನೇ ಮಾತು ಅವರು ಮಸ್ಕತ್ತಿನ ವಿಮಾನ ಹತ್ತಿದಲ್ಲಿಂದ ಸುರುವಾಗಿ ಇಳಿಯುವವರೆಗೆ. ಈ ನಡುವೆ ಬಣ್ಣ ಹಚ್ಚಿ ಕೂತ ನಾಟಕದವರ ಮೀಸೆ ಬೆವರಿಗೆ ಕಿತ್ತು ಬರುತ್ತಿತ್ತು. ಡ್ಯಾನ್ಸಿಗೆಂದು ತಂದ ಅಂಗನವಾಡಿ ಮಕ್ಕಳು ನವಿಲಿನ ವೇಷದಲ್ಲೇ ಅಮ್ಮನ ಮಡಿಲಲ್ಲಿ ನಿದ್ದೆ ಹೋಗುತ್ತಿದ್ದವು. ಬೇಗ ಮುಗಿಸಿ ಎಂದು ಯಾರಾದರೂ ಚೀಟಿ ಕಳಿಸಿದರೆ ಅದನ್ನೂ ಮೈಕಿನಲ್ಲಿ ಓದಿ, "ಅಧ್ಯಕ್ಷರ ಕಾಳಜಿಗೆ ವಂದನೆಗಳು" ಎಂದು ಮುಂದುವರಿಸುತ್ತಿದ್ದರು.

ಮಾತಿನ ಈ ಹಸಿವಿಗೆ ಒಂದು ಕಾರಣ ಉಂಟು, ಅದನ್ನೂ ಹೇಳಬೇಕು. ಉಮಾನಾಥಣ್ಣ ಪ್ರಾಯದ ದಿನಗಳನ್ನೆಲ್ಲ ಮಸ್ಕತ್ತಿನ ಒಂದು ಕೋಲ್ಡ್ ಸ್ಟೋರೇಜಿನ ಒಳಗೆ ಕಳೆದವರು. ಮೈಮೇಲೆ ದಪ್ಪದ ಕೋಟು, ಸುತ್ತ ಹೆಪ್ಪುಗಟ್ಟಿದ ಕೋಳಿಗಳು. ಕೋಳಿಗಳ ಹತ್ತಿರ ಎಂತ ಮಾತಾಡುವುದು? ಊರಿಗೆ ಫೋನ್ ಮಾಡಿದರೆ "ಡ್ರಾಫ್ಟ್ ಸಿಕ್ಕಿತಾ, ದನ ಕರು ಹಾಕಿತಾ" ಎನ್ನುವಷ್ಟರಲ್ಲಿ ಕಾರ್ಡು ಮುಗಿಯುತ್ತಿತ್ತು. ಊರಿಗೆ ಬಂದು ನೆಲೆ ನಿಂತ ಮೇಲೆ ಕಟ್ಟೆ ಒಡೆಯಿತು, ಆದರೆ ಮೈಕಿನ ಮುಂದೆ ಮಾತ್ರ. ಮನೆಯಲ್ಲಿ ಅವರು 'ಚಾ', 'ಊಟ', 'ಫ್ಯಾನ್' ಎಂಬ ಮೂರು ಶಬ್ದಗಳಲ್ಲಿ ಸಂಸಾರ ಸಾಗಿಸುತ್ತಾರೆ ಎಂದು ನನ್ನ ಹೆಂಡತಿ ಆನಿ ಹೇಳುತ್ತಿದ್ದಳು. ನಮ್ಮ ಮನೆಗೂ ಅವರ ಮನೆಗೂ ನಡುವೆ ಇರುವುದು ಒಂದು ದಾಸವಾಳದ ಬೇಲಿ. ಅದರಲ್ಲಿ ಎಲ್ಲವೂ ಕೇಳುತ್ತದೆ, ಅವರ ಕಡೆಯಿಂದ ಮಾತ್ರ ಕೇಳಲು ಏನೂ ಇರಲಿಲ್ಲ.

ಉಮಾನಾಥಣ್ಣನ ಹೆಂಡತಿ ಬೇಬಿಯಕ್ಕ ಎಲ್ಲಾ ಸಭೆಗೂ ಬಂದು ಕೊನೆಯ ಸಾಲಿನಲ್ಲಿ ಕೈಚೀಲ ಮಡಿಲಲ್ಲಿಟ್ಟು ಕೂರುತ್ತಿದ್ದರು. ಮನೆಯಲ್ಲಿ ಸ್ಕೂಟರ್ ಒಂದೇ, ಒಟ್ಟಿಗೆ ಬಂದು ಒಟ್ಟಿಗೆ ಹೋಗಬೇಕಲ್ಲ, ಪಾಪ ಎಂದು ನಾವು ಎಣಿಸಿದ್ದೆವು.

ನಮ್ಮ ಉದಯತಾರಾ ಕಲಾ ಸಂಘದ ವಾರ್ಷಿಕೋತ್ಸವದ ದಿನ ಅದು ಬಂತು. ಶಾಲೆಯ ಮೈದಾನ, ಮುಂದೆ ತುಳು ನಾಟಕ, ಅದಕ್ಕಿಂತ ಮುಂದೆ ಎಂದಿನಂತೆ ಉಮಾನಾಥಣ್ಣ. ಅವರು ಕೆಮ್ಮಿದರು. ಆಗ ಮೈಕಿನ ಕಂಬದ ಬುಡದಲ್ಲಿ ಒಂದು ಬೆಳಕು ಕಂಡಿತು. ಹಂಚಿನ ಮನೆಗೆ ನಡುವೆ ಒಂದು ಗಾಜಿನ ಹಂಚು ಹಾಕುತ್ತಾರಲ್ಲ, ಅದರಿಂದ ನೆಲಕ್ಕೆ ಬೀಳುವ ಬಿಸಿಲಿನ ತುಂಡಿನಷ್ಟೇ ಅಗಲ, ಅದೇ ಬಣ್ಣ. ಆದರೆ ಸೂರ್ಯ ಮುಳುಗಿ ಆಗಿತ್ತು. ಮೇಲಾಗಿ ಈ ಬೆಳಕು ನೆಲಕ್ಕೆ ಬಿದ್ದಿರಲಿಲ್ಲ, ಕೂತಿತ್ತು. ಬೆಕ್ಕು ಮೀನಿನ ಬುಟ್ಟಿಯ ಮುಂದೆ ಕೂರುವ ಹಾಗೆ, ಉಮಾನಾಥಣ್ಣನ ಬಾಯಿಯನ್ನೇ ನೋಡುತ್ತಾ.

"ಎರಡೇ ಎರಡು ಮಾತು" ಎಂದರು ಉಮಾನಾಥಣ್ಣ. ಮರುಕ್ಷಣ, "ಇಷ್ಟು ಹೇಳಿ ನನ್ನ ಎರಡು ಮಾತನ್ನು ಮುಗಿಸುತ್ತೇನೆ" ಎಂದರು.

ನಡುವೆ ಏನೂ ಇರಲಿಲ್ಲ. ನಿದ್ದೆ ಬಂದದ್ದಲ್ಲ, ಏಕೆಂದರೆ ಆಕಳಿಕೆಯೂ ಇಲ್ಲ, ಕನಸೂ ಇಲ್ಲ. ಆದರೆ ನನ್ನ ಕಾಲು ಜೋಮು ಹಿಡಿದಿತ್ತು, ಕೈಯಲ್ಲಿದ್ದ ಚಾ ತಣ್ಣಗಾಗಿತ್ತು, ಶಾಲೆಯ ಗೋಡೆ ಗಡಿಯಾರ ಮುಕ್ಕಾಲು ಗಂಟೆ ಮುಂದೆ ಹೋಗಿತ್ತು. ಆ ಮುಕ್ಕಾಲು ಗಂಟೆಯನ್ನು ಯಾರೋ ನಮ್ಮೆಲ್ಲರ ಆಯುಷ್ಯದಿಂದ ಹಲಸಿನ ತೊಳೆಯ ಹಾಗೆ ಬಿಡಿಸಿಕೊಂಡು ಹೋಗಿದ್ದರು. ಇದು ಅರ್ಥವಾದಾಗ ಜನ ಹೆದರಬೇಕಿತ್ತು. ಹೆದರಲಿಲ್ಲ, ಎದ್ದು ನಿಂತು ಚಪ್ಪಾಳೆ ತಟ್ಟಿದರು. ಉಮಾನಾಥಣ್ಣನ ಜೀವಮಾನದಲ್ಲಿ ಅಂಥ ಚಪ್ಪಾಳೆ ಬಿದ್ದದ್ದಿಲ್ಲ.

ಅವರು ಮಾತ್ರ ಕಕ್ಕಾಬಿಕ್ಕಿಯಾಗಿ ನಿಂತಿದ್ದರು. "ನಾನು ಸುರು ಮಾಡಿದ್ದಷ್ಟೇ. ಗಂಟಲು ಯಾಕೆ ಒಣಗಿದ್ದು ಸುಕೇಶ?" ಎಂದು ಮೈಕ್ ಸೆಟ್ಟಿನ ಸುಕೇಶನನ್ನು ಕೇಳಿದರು.

"ನಿಮ್ಮದು ಮುಗಿಯಿತಲ್ಲ ಅಣ್ಣ. ಭಾರೀ ಲಾಯ್ಕ ಆಯಿತು" ಎಂದ ಸುಕೇಶ. ಅವನಿಗೂ ಒಂದಕ್ಷರ ಗೊತ್ತಿರಲಿಲ್ಲ.

ಬೆಳಕು ಕಂಬದ ಬುಡದಲ್ಲೇ ಇತ್ತು. ಈಗ ಅಕ್ಕಿ ಕೇರುವ ಗೆರಸೆಯಷ್ಟು ಅಗಲವಾಗಿತ್ತು, ಹೊಟ್ಟೆ ತುಂಬಿ ಅರ್ಧ ಕಣ್ಣು ಮುಚ್ಚಿದ ಹಾಗೆ ಮಂದವಾಗಿ ಉರಿಯುತ್ತಿತ್ತು. ಗೇಟಿನ ಹತ್ತಿರ ಬೇಬಿಯಕ್ಕ ಸಿಕ್ಕಿದರು. "ಇವತ್ತು ಜನ ಎಷ್ಟು ಗಮನ ಇಟ್ಟು ಕೇಳಿದರು, ಅಲ್ವಾ?" ಎಂದರು. ಬೇಬಿಯಕ್ಕನಿಗೂ ತಮಾಷೆ ಮಾಡಲು ಬರುತ್ತದೆ ಎಂದು ನಾನು ನಕ್ಕೆ.

ಆಮೇಲೆ ಊರಲ್ಲಿ ಒಬ್ಬೊಬ್ಬರದ್ದು ಒಂದೊಂದು ಶೋಧನೆ. ಕಾಪುವಿನ ದೀಪಸ್ತಂಭದಿಂದ ತಪ್ಪಿಸಿಕೊಂಡು ಬಂದ ಬೆಳಕಿನ ಮರಿ ಎಂದರು ಕೆಲವರು. ಯಾವುದೋ ದೈವಕ್ಕೆ ಜಾಗ ತಪ್ಪಿದೆ, ಜೋಯಿಸರಲ್ಲಿ ಪ್ರಶ್ನೆ ಇಡಿಸಬೇಕು ಎಂದರು ಇನ್ನು ಕೆಲವರು. ಸುಕೇಶ ಅದರ ಕೆಳಗೆ ವಯರ್ ಹುಡುಕಿದ, ಸಿಗಲಿಲ್ಲ. ಉಮಾನಾಥಣ್ಣ ಅದನ್ನು ಓಡಿಸಲು ಮಾಡದ ಉಪಾಯ ಇಲ್ಲ. ಅದರ ಮೇಲೆ ಛತ್ರಿ ಬಿಡಿಸಿಟ್ಟರು, ಬಾಲ್ದಿ ಕವುಚಿದರು. ಕೊನೆಗೆ ಕಾರ್ಕಳದ ಒಂದು ಶಾಲೆಯ ವಾರ್ಷಿಕೋತ್ಸವಕ್ಕೆ ಯಾರಿಗೂ ಹೇಳದೆ ಬಸ್ಸು ಹತ್ತಿದರು. ಬೆಳಕು ಪಕ್ಕದ ಸೀಟಿನಲ್ಲಿ ಕೂತು ಬಂತು. ದಾರಿ ಉದ್ದದ ಬಸ್ಸಿನ ಹೊತ್ತನ್ನು ಅದೇ ತಿಂದು ಮುಗಿಸಿದ್ದರಿಂದ, ಕಟಪಾಡಿಯಲ್ಲಿ ಟಿಕೇಟು ತೆಗೆದವರು ಮರುಕ್ಷಣ ಕಾರ್ಕಳದ ಬಸ್ ಸ್ಟ್ಯಾಂಡಿನಲ್ಲಿ ಇಳಿದರು. ಅಷ್ಟಕ್ಕೆ ಅವರಿಗೂ ಖುಷಿಯೇ. ಆಮೇಲೆ ಭಾಷಣವನ್ನೂ ತಿಂದಿತು. ಕಾರ್ಕಳದವರು ಚಪ್ಪಾಳೆ ತಟ್ಟಿ, ಬರುವ ವರ್ಷವೂ ನೀವೂ ಬೆಳಕೂ ಇಬ್ಬರೂ ಬರಬೇಕು ಎಂದು ಕೇಳಿಕೊಂಡರು.

ನಮ್ಮ ಸಂಘಕ್ಕಂತೂ ಲಾಟರಿ ಹೊಡೆದ ಹಾಗಾಯಿತು. ಖಾಲಿ ಕುರ್ಚಿಗಳಿಗೆ ಸ್ವಾಗತ ಕೋರುತ್ತಿದ್ದ ನಮ್ಮ ಸಭೆಗೆ ಜಾಗ ಸಾಲದಷ್ಟು ಜನ. ದೀಪ ಬೆಳಗಿಸಿದ್ದು ಕಂಡರೆ ಮುಂದೆ ನಾಟಕವೇ. ನಮ್ಮ ಊರಿನವರಿಗೆ ಒಂದು ಚಾಳಿ ಉಂಟು. ಜನ ಬರಿಸುವ ಯಾವುದನ್ನೇ ಆಗಲಿ ವೇದಿಕೆ ಹತ್ತಿಸಿ ಶಾಲು ಹೊದಿಸದೆ ಬಿಡುವುದಿಲ್ಲ. ಬೆಳಕಿಗೂ ಹೊದಿಸಿದರು. ಹೆಗಲಿಲ್ಲದ ಕಾರಣ ಶಾಲು ಕುರ್ಚಿಗೆ ಬಿತ್ತು, ಫೋಟೋದಲ್ಲಿ ಕುರ್ಚಿಗೇ ಸನ್ಮಾನ ಮಾಡಿದಂತೆ ಬಂತು. "ವಿಶೇಷ ಆಹ್ವಾನಿತರು: ಬೆಳಕು" ಎಂದು ನಾನೇ ದಪ್ಪ ಅಕ್ಷರದಲ್ಲಿ ಅಚ್ಚು ಹಾಕಿದೆ. ಬೇರೆ ಕಡೆಯವರಿಂದಲೂ ಕರೆ ಬರತೊಡಗಿತು. ಉಡುಪಿಯ ಒಂದು ಕಚೇರಿಯ ಸರತಿ ಸಾಲಿಗೆ ಬೇಕು, ನೆಂಟರು ಬಂದು ನಿಂತಿದ್ದಾರೆ ಎರಡು ದಿನಕ್ಕೆ ಬೇಕು, ಮಗಳ ಟ್ಯೂಶನ್‌ಗೆ ಬೇಕು. ತಮ್ಮ ಆಯುಷ್ಯದ ತುಂಡುಗಳನ್ನು ಅದರ ಬಾಯಿಗೆ ಇಡಲು ಜನ ನಾ ಮುಂದು ತಾ ಮುಂದು ಎಂದು ನಿಂತರು. ನಾಯಿಗೆ ಅನ್ನ ಹಾಕುವಾಗಲೂ ಇದಕ್ಕಿಂತ ಹೆಚ್ಚು ಯೋಚಿಸುತ್ತಾರೆ. ನಮ್ಮ ಇಗರ್ಜಿಗೂ ಅದು ಒಂದು ಭಾನುವಾರ ನನ್ನ ಸ್ಕೂಟರಿನ ಹಿಂದೆ ಬಂದಿತ್ತು. ಅವತ್ತಿನ ಪಾದ್ರಿಗಳ ಪ್ರಸಂಗದ ಬಗ್ಗೆ ನಾನು ಏನೂ ಹೇಳುವುದಿಲ್ಲ, ಹೇಳಲು ನೆನಪಿದ್ದರೆ ತಾನೇ.

ಕೊನೆಗೆ ಉಮಾನಾಥಣ್ಣನೇ ಅದನ್ನು ಮಣಿಪಾಲಕ್ಕೆ, ಕೃಷ್ಣರಾಜರ ಮನೆಗೆ ಮುಟ್ಟಿಸಿದರು. ಕೃಷ್ಣರಾಜರು ಫಿಸಿಕ್ಸ್ ಪ್ರೊಫೆಸರಾಗಿ ನಿವೃತ್ತರಾದವರು, ಮನೆತನದಿಂದ ಬಂದ ಜ್ಯೋತಿಷ್ಯವೂ ಕೈಯಲ್ಲಿ ಉಂಟು. ವಿಜ್ಞಾನಕ್ಕೆ ನಿಲುಕದ್ದು ಶಾಸ್ತ್ರಕ್ಕೆ, ಶಾಸ್ತ್ರಕ್ಕೆ ನಿಲುಕದ್ದು ವಿಜ್ಞಾನಕ್ಕೆ ಎಂದು ಅವರ ಮಾತು ಎಲ್ಲಿಯೂ ಸುಳ್ಳಾಗದ ಹಾಗೆ ವ್ಯವಸ್ಥೆ ಮಾಡಿಕೊಂಡಿದ್ದರು. ಒಂದು ವಾರ ಬೆಳಕನ್ನು ಇಟ್ಟುಕೊಂಡು ನೋಡಿದರು. ಫಲ ಕೇಳಲು ನಾನೂ ಉಮಾನಾಥಣ್ಣನೂ ಹೋದೆವು.

"ಇದರ ಆಹಾರ ಸಮಯ" ಎಂದರು ಕೃಷ್ಣರಾಜರು. "ಆದರೆ ಎಲ್ಲ ಸಮಯವನ್ನೂ ತಿನ್ನುವುದಿಲ್ಲ. ಬೇಡವಾದ ಹೊತ್ತನ್ನು ಮಾತ್ರ. ಒಬ್ಬನಿಗೆ ನಿಜವಾಗಿ ಬೇಕಾದ ಹೊತ್ತು ಅದಕ್ಕೆ ಮುಟ್ಟಲಿಕ್ಕೇ ಆಗುವುದಿಲ್ಲ. ಹತ್ತು ಮಂದಿ ಕೂತಲ್ಲಿ ಒಬ್ಬನಿಗೆ ಬೇಕು ಅಂತಾದರೆ ಅವನ ಪಾಲನ್ನು ಬಿಟ್ಟು ಉಳಿದ ಒಂಬತ್ತು ಮಂದಿಯದ್ದನ್ನು ತಿಂದು ಹೋಗುತ್ತದೆ. ನಾನು ಪ್ರಯೋಗ ಮಾಡಿ ನೋಡಿದ್ದೇನೆ."

"ಬೆಳಗಿನ ಜಪದ ಹೊತ್ತು ಎಂತ ಆಯಿತು ಅಂತ ಅವರನ್ನೇ ಕೇಳಿ" ಎಂದು ಒಳಗಿನಿಂದ ಅವರ ಹೆಂಡತಿ ಸುಭಾಷಿಣಿಯವರ ದನಿ ಬಂತು. ಕೃಷ್ಣರಾಜರು ಕೇಳಿಸದವರಂತೆ ಕನ್ನಡಕ ಒರೆಸಿದರು.

ಉಮಾನಾಥಣ್ಣ ಕುರ್ಚಿಯನ್ನು ಹತ್ತಿರ ಎಳೆದುಕೊಂಡರು. ಮತ್ತೆ ಮೆಲ್ಲಗೆ ಕೇಳಿದರು. "ಜನರಿಗೆ ನನ್ನ ಮಾತು ಬೇಡ, ಸರಿ. ಆದರೆ ನನ್ನ ಪಾಲನ್ನು ಯಾಕೆ ತಿನ್ನುತ್ತದೆ? ನನಗೆ ನನ್ನ ಭಾಷಣ ಬೇಕಲ್ಲ?"

ಕೃಷ್ಣರಾಜರು ಮನೆಯ ಮಾಡು ನೋಡಿದರು, ಗೋಡೆ ನೋಡಿದರು. "ಚಾ ಕುಡಿಯುತ್ತೀರಾ?" ಎಂದರು.

ವಾಪಸು ಬರುವಾಗ ಉಮಾನಾಥಣ್ಣ ನನ್ನ ಸ್ಕೂಟರಿನ ಹಿಂದೆ ಕೂತಿದ್ದರು. ಬೆಳಕು ನಮ್ಮಿಬ್ಬರ ನಡುವೆ ಬೆಚ್ಚಗೆ ಕೂತಿತ್ತು. ಮನೆಯ ಗೇಟಿನ ಹತ್ತಿರ ಇಳಿದು, ನಮ್ಮ ಕಡೆ ಕ್ರಿಸ್ತುವರನ್ನು ಕರೆಯುವ ಹಾಗೆ ನನ್ನನ್ನು ಕರೆದು ಹೇಳಿದರು. "ಪೊರ್ಬುಗಳೇ, ಸಂಘದ ಬೆಳ್ಳಿಹಬ್ಬಕ್ಕೆ ನನಗೆ ಸನ್ಮಾನ ಉಂಟಲ್ಲ. ಅವತ್ತು ನಾನು ಉತ್ತರ ಹೇಳಬೇಕು. ಪರಶುರಾಮ ಬೇಡ, ಸೇತುವೆ ಬೇಡ, ಮನಸ್ಸಿನಲ್ಲಿದ್ದದ್ದನ್ನು ಹೇಳುತ್ತೇನೆ. ಒಬ್ಬನಾದರೂ ಕೇಳಬೇಕು. ಅದನ್ನೂ ತಿಂದರೆ ನಾನು ಇನ್ನು ಮೈಕ್ ಮುಟ್ಟುವುದಿಲ್ಲ."

ನನಗೆ ಅವರ ಮೇಲೆ ಕನಿಕರ ಬಂತು. ಒಂದು ದಿನದ ಮಟ್ಟಿಗೆ ಬೆಳಕನ್ನು ಬೇರೆ ಕಡೆ ಬಿಡೋಣ ಎಂದು ಸಂಘದಲ್ಲಿ ಹೇಳಿಯೂ ನೋಡಿದೆ. "ಜನ ಬರುವುದೇ ಅದಕ್ಕೆ. ಅದಿಲ್ಲದೆ ಉಮಾನಾಥಣ್ಣನ ಮಾತು ಕೇಳಿಸಿದರೆ ಮುಂದಿನ ವರ್ಷ ಚಂದಾ ಯಾರು ಕೊಡುವುದು ಮಾರಾಯ್ರೆ?" ಎಂದರು ಉಳಿದವರು. ಇಷ್ಟು ವರ್ಷ ಸಂಘಕ್ಕಾಗಿ ಗಂಟಲು ಹರಿದುಕೊಂಡ ಮನುಷ್ಯನಿಗೆ ಸನ್ಮಾನ ಬೇಕು, ಆದರೆ ಅವರ ದನಿ ಬೇಡ.

ಬೆಳ್ಳಿಹಬ್ಬ ನಡೆದದ್ದು ಕಾಪುವಿನ ಒಂದು ಸಭಾಭವನದಲ್ಲಿ, ಭಾನುವಾರ ಮಧ್ಯಾಹ್ನ. ಸನ್ಮಾನ ದಂಪತಿ ಸಮೇತ ಎಂಬುದು ನಮ್ಮಲ್ಲಿ ಕ್ರಮ, ಹಾಗಾಗಿ ಕೊನೆಯ ಸಾಲಿನ ಬೇಬಿಯಕ್ಕ ಮೊದಲ ಬಾರಿ ವೇದಿಕೆ ಹತ್ತಿದರು. ಶಾಲು, ಹಾರ, ಹಣ್ಣಿನ ಬುಟ್ಟಿ, ಗಾಜಿನ ಪೆಟ್ಟಿಗೆಯೊಳಗಿನ ಸ್ಮರಣಿಕೆ ಎಲ್ಲ ಆಯಿತು. ಪಕ್ಕದ ಕುರ್ಚಿಯಲ್ಲಿ ಬೆಳಕು ಚಾಪೆಯಷ್ಟು ಅಗಲವಾಗಿ ಕೂತಿತ್ತು. ಉಮಾನಾಥಣ್ಣ ಎದ್ದು ಮೈಕಿನ ಮುಂದೆ ನಿಂತರು. ಕಿಸೆಯ ಎರಡೂ ಪೆನ್ನನ್ನು ಸರಿ ಮಾಡಿಕೊಂಡರು. ಇವತ್ತಾದರೂ ಕೇಳಬೇಕು ಎಂದು ನಾನು ಹಲ್ಲು ಕಚ್ಚಿ ಕೂತೆ. ಅವರು ಕೆಮ್ಮಿದ್ದು ಕೇಳಿತು.

ಮತ್ತೆ ನೋಡಿದರೆ ಅವರು ಹಾಗೆಯೇ ನಿಂತಿದ್ದರು. ಅಂಗಿ ಬೆವರಿನಲ್ಲಿ ಒದ್ದೆಯಾಗಿತ್ತು, ಕಣ್ಣೂ ಒದ್ದೆಯಾಗಿತ್ತು. ಕಿಟಕಿಯ ಬಿಸಿಲು ಎರಡನೇ ಸಾಲಿನಿಂದ ನಾಲ್ಕನೇ ಸಾಲಿಗೆ ಸರಿದಿತ್ತು. ಹಲ್ಲು ಕಚ್ಚಿ ಕೂತವರ ಹೊತ್ತನ್ನೂ ಅದು ಬಿಟ್ಟಿರಲಿಲ್ಲ. ಕಚ್ಚಿ ಕೂರಬೇಕಾಗಿ ಬಂದದ್ದೇ ಬೇಡವಾದ ಕಾರಣಕ್ಕೆ ತಾನೇ. ಜನ ಎಂದಿನಂತೆ ಎದ್ದು ಚಪ್ಪಾಳೆ ಸುರು ಮಾಡಿದರು.

ಉಮಾನಾಥಣ್ಣ ಕೈ ಎತ್ತಿ ನಿಲ್ಲಿಸಿದರು. "ನಾನು ಎಂತ ಹೇಳಿದೆ?" ಎಂದು ಮೈಕಿನಲ್ಲೇ ಕೇಳಿದರು. "ಯಾರಿಗಾದರೂ ಗೊತ್ತುಂಟಾ? ನನಗೂ ಗೊತ್ತಿಲ್ಲ. ನನಗೆ ಬೇಕಾದದ್ದು ಮಾತಲ್ಲ, ಕೇಳುವವರು ಅಂತ ಕಾಣುತ್ತದೆ."

ಸಭಾಭವನ ತುಂಬಿದ ಜನ ಚಪ್ಪಲಿ ನೋಡಿಕೊಂಡರು. ಅಧ್ಯಕ್ಷರು ಹೂವಿನ ಹಾರದಿಂದ ಒಂದು ಎಸಳು ಕಿತ್ತು ಅದನ್ನೇ ಪರೀಕ್ಷಿಸತೊಡಗಿದರು.

"ನನಗೆ ಗೊತ್ತುಂಟು" ಎಂದರು ಬೇಬಿಯಕ್ಕ.

ಸುಕೇಶ ಅಭ್ಯಾಸಬಲದಿಂದ ಓಡಿಹೋಗಿ ಅವರ ಕೈಗೆ ಮೈಕ್ ಕೊಟ್ಟ. ಅವರು ಅದನ್ನು ಸೌಟು ಹಿಡಿದ ಹಾಗೆ ಹಿಡಿದುಕೊಂಡರು.

"ಮಸ್ಕತ್ತಿನಲ್ಲಿ ಸುರುವಿಗೆ ಚಳಿಗೆ ಬೆರಳು ಊದಿದ್ದು ಹೇಳಿದಿರಿ. ಕೋಳಿಗಳಿಗೆ ಊರಿನವರ ಹೆಸರು ಇಟ್ಟು ಮಾತಾಡುತ್ತಿದ್ದದ್ದು ಹೇಳಿದಿರಿ. ಅದು ನನಗೆ ಗೊತ್ತೇ ಇರಲಿಲ್ಲ. ಮತ್ತೆ ಎಲ್ಲರಿಗೂ ವಂದನೆ ಹೇಳಿದಿರಿ. ಅಧ್ಯಕ್ಷರಿಗೆ, ಕಾರ್ಕಳದವರಿಗೆ, ಪ್ರೆಸ್ಸಿನ ರೊಸಾರಿಯೊ ಪೊರ್ಬುಗಳಿಗೆ, ಮೈಕ್ ಸೆಟ್ಟಿನ ಸುಕೇಶನಿಗೆ, ಕುರ್ಚಿ ಹಾಕಿದವರಿಗೆ." ಅವರು ಮೈಕನ್ನು ಇನ್ನೊಂದು ಕೈಗೆ ತೆಗೆದುಕೊಂಡರು. "ನನ್ನ ಹೆಸರು ಒಂದು ಬಿಟ್ಟುಹೋಯಿತು."

ಉಮಾನಾಥಣ್ಣ ಬಾಯಿ ತೆರೆದರು. ಪರಶುರಾಮನ ಕಾಲದಿಂದ ಮಾತಾಡುತ್ತಾ ಬಂದ ಆ ಬಾಯಿಯಿಂದ ಏನೂ ಹೊರಡಲಿಲ್ಲ.

"ಬೇಸರಕ್ಕೆ ಹೇಳಿದ್ದಲ್ಲ" ಎಂದರು ಬೇಬಿಯಕ್ಕ. "ನೀವು ಮನೆಯಲ್ಲಿ ಮಾತಾಡುವುದಿಲ್ಲ ಅಲ್ವಾ. ಅದಕ್ಕೇ ನಾನು ಎಲ್ಲಾ ಕಾರ್ಯಕ್ರಮಕ್ಕೂ ಬರುವುದು. ನಿಮ್ಮ ಸ್ವರ ಕೇಳಲಿಕ್ಕೆ. ಹೇಳದೆ ಹೋದ ಕಾರ್ಕಳದ್ದೊಂದು ಬಿಟ್ಟು ಎಲ್ಲವನ್ನೂ ಕೇಳಿದ್ದೇನೆ, ಉದ್ಯಾವರದ ಸೇತುವೆಯನ್ನು ಕೂಡ. ಇತ್ತೀಚೆಗೆ ಜನ ಅಲ್ಲಾಡದೆ ಕೂರುತ್ತಿದ್ದರು. ಇವರಿಗೆಲ್ಲ ಈಗ ನಿಮ್ಮ ಬೆಲೆ ಗೊತ್ತಾಯಿತು ಅಂತ ನಾನು ಎಣಿಸಿದ್ದೆ."

ಅವರು ಮೈಕನ್ನು ಸುಕೇಶನಿಗೆ ಕೊಟ್ಟು, ಸೆರಗು ಸರಿ ಮಾಡಿ ಕೂತರು. ಯಾರೂ ಚಪ್ಪಾಳೆ ತಟ್ಟಲಿಲ್ಲ, ಯಾರೂ ಕೆಮ್ಮಲಿಲ್ಲ. ಆ ಹೊತ್ತು ನನಗೆ ಇಡಿಯಾಗಿ ನೆನಪಿದೆ. ಫ್ಯಾನಿನ ಸದ್ದು, ಹಣ್ಣಿನ ಬುಟ್ಟಿಯ ಪ್ಲಾಸ್ಟಿಕ್ಕಿನ ಪರಪರ, ಉಮಾನಾಥಣ್ಣ ಮೂಗು ಎಳೆದುಕೊಂಡದ್ದು. ಪಕ್ಕದ ಕುರ್ಚಿಯ ಬೆಳಕು, ತಿನ್ನಲು ಏನೂ ಸಿಗದೆ, ಚಾಪೆಯಷ್ಟಿದ್ದದ್ದು ಗೆರಸೆಯಾಗಿ, ಗೆರಸೆ ಬಸಳೆ ಎಲೆಯಷ್ಟಾಗಿ, ಮೆಟ್ಟಿಲು ಇಳಿದು ಹೊರಗೆ ಹೋಯಿತು. ಹೆಚ್ಚಿನವರು ಅದನ್ನು ನೋಡಲೂ ಇಲ್ಲ.

ಹಣ್ಣಿನ ಬುಟ್ಟಿಯನ್ನು ಅವರು ವೇದಿಕೆಯಲ್ಲೇ ಮರೆತು ಹೋಗಿದ್ದರು. ಮರುದಿನ ಬೆಳಿಗ್ಗೆ ಕೊಡಲು ಹೋದೆ. ಬೇಬಿಯಕ್ಕ ಜಗಲಿಯಲ್ಲಿ ಕತ್ತಿಮಣೆ ಇಟ್ಟು ಮಟ್ಟುಗುಳ್ಳ ಬದನೆ ಹೆಚ್ಚುತ್ತಿದ್ದರು. ಉಮಾನಾಥಣ್ಣ ಎದುರಿಗೆ ಸ್ಟೂಲಿನ ಮೇಲೆ, ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಕೂತಿದ್ದರು. ಮನೆಯೊಳಗೆ ಅವರನ್ನು ಆ ಅಂಗಿಯಲ್ಲಿ ನಾನು ಕಂಡದ್ದಿಲ್ಲ. ನನ್ನನ್ನು ಅವರು ನೋಡಲಿಲ್ಲ, ನಾನೂ ಬೇಲಿಯ ಹತ್ತಿರವೇ ನಿಂತೆ.

ಉಮಾನಾಥಣ್ಣ ಕೆಮ್ಮಿದರು. ಹೇಗೆ ಸುರು ಮಾಡುವುದೆಂದು ಅವರಿಗೆ ತಿಳಿಯಲಿಲ್ಲ. ಮೈಕ್ ಇಲ್ಲದೆ, ಮುಂದೆ ಒಬ್ಬರೇ ಕೂತಿರುವಾಗ ಮಾತಾಡುವ ಕ್ರಮವನ್ನು ಅವರಿಗೆ ಯಾರೂ ಕಲಿಸಿರಲಿಲ್ಲ. ಗೊತ್ತಿದ್ದ ಹಾಗೆಯೇ ಸುರು ಮಾಡಿದರು.

"ವೇದಿಕೆಯಲ್ಲಿ ಆಸೀನರಾಗಿರುವ ಬೇಬಿಯವರೇ" ಎಂದರು. ಅಲ್ಲಿಗೆ ದನಿ ನಿಂತಿತು.

ಬೇಬಿಯಕ್ಕ ನಗಲಿಲ್ಲ. ಗುಳ್ಳದ ಹೋಳುಗಳನ್ನು ನೀರಿಗೆ ಹಾಕಿ, ಕೈ ಒರೆಸಿ, ಕತ್ತಿಮಣೆಯನ್ನು ಬದಿಗೆ ಸರಿಸಿದರು.

"ಹಾಂ, ಮುಂದೆ ಹೇಳಿ" ಎಂದರು.

ಅವರಿಬ್ಬರ ನಡುವೆ ನೆಲದ ಮೇಲೆ ಗಾಜಿನ ಹಂಚಿನ ಬಿಸಿಲು ಬಿದ್ದಿತ್ತು. ನಾನು ತುಂಬ ಹೊತ್ತು ಅದನ್ನೇ ನೋಡಿದೆ. ಬಿಸಿಲು ಸರಿಯಬೇಕಾದ ಹಾಗೆ, ತನ್ನ ಪಾಡಿಗೆ ನಿಧಾನಕ್ಕೆ ಸರಿಯುತ್ತಿತ್ತು. ಹಣ್ಣಿನ ಬುಟ್ಟಿಯನ್ನು ಬೇಲಿಯ ಬುಡದಲ್ಲಿಟ್ಟು ಮನೆಗೆ ಬಂದೆ. ಆನಿ ಒಲೆಯ ಮುಂದೆ ಬೆನ್ನು ಹಾಕಿ ನಿಂತಿದ್ದಳು. 'ಚಾ' ಎನ್ನಲು ಬಾಯಿ ತೆರೆದವನು ಹಾಗೆಯೇ ನಿಂತೆ. ನಮ್ಮ ಅಡುಗೆಮನೆಯ ಮೂಲೆಯಲ್ಲಿ, ಬಿಸಿಲು ಎಂದೂ ಬೀಳದ ಜಾಗದಲ್ಲಿ, ಬಸಳೆ ಎಲೆಯಷ್ಟು ಬೆಳಕು ಕೂತು ನನ್ನ ಬಾಯಿಯನ್ನೇ ನೋಡುತ್ತಿತ್ತು.